ಗಿಟಾರಿನಲ್ಲಿ ಕಟ್ಟಿದ ಮನೆ

ಹಾಡು ಯಾವಾಗ ಮುಗಿಯಿತೆಂದು ತಿಳಿಯುವ ಜಾಣತನ ನನಗಿಲ್ಲ. ಈಚೆಗೆ ಒಂದೇ ಹಾಡಿಗೆ ಮೂರು ಸಲ ಚಪ್ಪಾಳೆ ತಟ್ಟಿದೆ. ಮೂರೂ ಸಲ ಅದು ಸ್ವಲ್ಪ ಉಸಿರು ತೆಗೆದುಕೊಂಡು ಮತ್ತೆ ಶುರುವಾಯಿತು. "ಮಾಮಾ, ನೀ ಸುಮ್ನ ಕುಂಡ್ರು. ಮುಗದ ಮ್ಯಾಲ ನಾನ ಹೇಳ್ತೇನಿ," ಎಂದಳು ತಂಗಿಯ ಮಗಳು ಸುಜಾತಾ.

ಸುಜಾತಾ ಬಾಗಲಕೋಟೆಯ ಕಾಲೇಜೊಂದರಲ್ಲಿ ಗಣಿತ ಕಲಿಸುತ್ತಾಳೆ. ಸಂಜೆ ಮೂವರು ಗೆಳೆಯರ ಜೊತೆ ಗಿಟಾರು ಹಿಡಿಯುತ್ತಾಳೆ. ಅವರು ನುಡಿಸುವುದಕ್ಕೆ ಪ್ರೊಗ್ರೆಸಿವ್ ರಾಕ್ ಎನ್ನುತ್ತಾರಂತೆ. ನನಗೆ ತಿಳಿದಮಟ್ಟಿಗೆ ಅದರಲ್ಲಿ ಹಾಡು ಹೊರಟ ದಾರಿಯಲ್ಲೇ ಹೋಗುವುದಿಲ್ಲ. ಹುನಗುಂದಕ್ಕೆಂದು ಹೊರಟದ್ದು ಬಾದಾಮಿ ಸುತ್ತಿ, ಅಮೀನಗಡದಲ್ಲಿ ಇಳಿದು ಕರದಂಟು ತಿಂದು, ತಾಳ ಬದಲಿಸಿಕೊಂಡು ಬರುತ್ತದೆ. ನನ್ನ ಮಾತೂ ಹೀಗೆಯೇ ಎಂದು ಮನೆಯವಳ ದೂರು.

ಈ ಸಲ ಅವಳು ಮಾಡಿದ್ದು ಒಂದು ಆಲ್ಬಮ್. ಬಿಡಿ ಹಾಡುಗಳಲ್ಲ, ಏಳು ಹಾಡೂ ಸೇರಿ ಒಂದು ಮನೆ. ಒಂದು ಹಾಡು ಪಡಸಾಲೆ, ಒಂದು ಅಡುಗೆಮನೆ, ಒಂದು ದನದ ಕೊಟ್ಟಿಗೆ, ಇನ್ನೊಂದು ಬೆಳಕಿಂಡಿಯಿಂದ ಇಳಿಯುವ ಬಿಸಿಲು. ಕಮತಗಿಯಲ್ಲಿ ಆ ಮನೆ ಖರೇನೇ ಇದೆ; ಅದರ ಕೋಣೆಗಳ ಅಳತೆ ಹಿಡಿದೇ ಅವಳು ತಾಳ ಕೂಡಿಸಿದ್ದು. ಕಟ್ಟಿದವರು ಅದೇ ಊರಿನ ಗಾರೆ ಕೆಲಸದ ಬಸಪ್ಪ ಗೌಂಡಿ. ಎಂಬತ್ತು ದಾಟಿದ ಜೀವ. ಎಂದೂ ಕಾಗದದ ಮೇಲೆ ನಕ್ಷೆ ತೆಗೆದವರಲ್ಲ. ನೆಲದ ಮೇಲೆ ಸುಣ್ಣದ ಗೆರೆ ಎಳೆದು, ಮನೆಯವರನ್ನು ಅದರೊಳಗೆ ಓಡಾಡಿಸಿ, "ಇಲ್ಲಿ ಮೈ ತಾಗ್ತೈತೇನು?" ಎಂದು ಕೇಳಿಯೇ ಗೋಡೆ ಎಬ್ಬಿಸುತ್ತಿದ್ದವರು.

ಆಲ್ಬಮ್ಮಿನ ಹೊದಿಕೆಯ ಮೇಲೆ 'ವಾಸ್ತುಶಿಲ್ಪಿ ಬಸಪ್ಪ' ಎಂದು ಹಾಕಬೇಕೆಂಬುದು ಸುಜಾತಾಳ ಆಸೆ. ಎರಡು ವರ್ಷದ ದುಡಿಮೆ ಅದು. ಆದರೆ ಮುದುಕರು ಕೇಳಿ ಒಪ್ಪದಿದ್ದರೆ ಆಲ್ಬಮ್ ಹೊರಗೇ ಬಿಡುವುದಿಲ್ಲವೆಂದು ಹಟ ಹಿಡಿದಳು. ಪಟ್ಟದಕಲ್ಲಿನಲ್ಲಿ ಗುಡಿ ಕಟ್ಟಿದವನ ಹೆಸರನ್ನು ಕಲ್ಲಿನಲ್ಲೇ ಕೊರೆದಿದ್ದಾರೆ, ಅವನನ್ನು ಕೇಳಿ ಕೊರೆದರೆಂದು ಶಾಸನವೇನೂ ಹೇಳುವುದಿಲ್ಲ ಎಂದು ನಾನು ನನ್ನ ಹಳೆಯ ಮಾಸ್ತರಿಕೆಯ ಪಾಂಡಿತ್ಯ ತೆಗೆದೆ. ಅವಳು ಸ್ಪೀಕರಿನ ಜೊತೆ ನನ್ನನ್ನೂ ಗಾಡಿಗೆ ಹಾಕಿಕೊಂಡು ಕಮತಗಿಗೆ ಹೊರಟಳು.

ವಾಸ್ತುಶಿಲ್ಪಿ ಎಂಬ ಮಾತು ಕೇಳಿಯೇ ಬಸಪ್ಪನವರು ಗಾಬರಿಯಾದರು. "ಹಂಗ ಬರೀಬ್ಯಾಡ ತಂಗಿ. ನಾಳಿಂದ ಒಂದು ಒಲಿ ಕಟ್ಟಾಕೂ ನನ್ನ ಯಾರೂ ಕರ್ಯಾಂಗಿಲ್ಲ."

ಮುಕ್ಕಾಲು ತಾಸು ಕಣ್ಣು ಮುಚ್ಚಿ ಕೇಳಿದರು. ಕೊಟ್ಟಿಗೆಯ ಹಾಡಿನಲ್ಲಿ ಡ್ರಮ್ಮು ಗುದ್ದಿದಾಗ, ಎತ್ತು ತುಳಿದೀತೆಂಬಂತೆ ಕಾಲು ಹಿಂದಕ್ಕೆಳೆದುಕೊಂಡರು. ನಾನು, ನಡುವೆ ಚಪ್ಪಾಳೆ ತಟ್ಟಿಬಿಟ್ಟೇನೆಂದು, ಎರಡೂ ಕೈ ತೊಡೆಯ ಕೆಳಗೆ ಇಟ್ಟುಕೊಂಡು ಕುಳಿತಿದ್ದೆ.

"ಅಡಗಿಮನ್ಯಾಗ ಹೊಗಿ ಸೈತ ಬಂತು," ಎಂದರು ಕಡೆಗೆ. "ಆದ್ರ ಇದು ನನ್ನ ಮನಿ ಅಲ್ಲ."

ಸುಜಾತಾಳ ಮುಖ ಸಣ್ಣದಾಯಿತು. "ಯಾಕ್ರೀ ಮುತ್ಯಾ?"

"ಬಾಗಲ ಮುಂದಿನ ಕಟ್ಟಿ ಎಲ್ಲೈತಿ? ತಲಬಾಗಿಲಾ ತೆಗದಿ, ಕೈ ಹಿಡದು ದರದರ ಒಳಗ ಎಳಕೊಂಡು ಹ್ವಾದಿ. ಬಂದ ಮನಶ್ಯಾ ಒಂದೀಟು ಕುಂಡ್ರಬ್ಯಾಡಾ? ನೀರ ಕುಡೀಬ್ಯಾಡಾ?"

"ಕಟ್ಟಿ ಮನಿ ಹೊರಗ ಇರ್ತೈತಲ್ರಿ?"

"ಹೊರಗಿದ್ರೇನಾತು? ನಾ ಮೊದಲ ಕಟ್ಟೂದ ಅದನ್ನ. ಗೋಡಿ ಏಳೂದು ನೋಡಾಕ ಬಂದ ಮಂದಿ ನಿಂತ ನೋಡಬೇಕೇನು? ಮಾಸ್ತರ, ನೀವರ ಹೇಳ್ರಿ."

ನಾನು ಹೂಂ ಎಂದೆ. ಅದಕ್ಕೆ ಶಿಕ್ಷೆಯಾಗಿ, ವಾಪಸು ಬರುವಾಗ ಶಿರೂರು ದಾಟುವವರೆಗೆ ಸುಜಾತಾ ನನ್ನೊಡನೆ ಮಾತಾಡಲಿಲ್ಲ. ಆಮೇಲೆ ತಾನೇ, "ಮುತ್ಯಾ ಹೇಳಿದ್ದು ಖರೆ ಐತಿ. ಏಳೂ ಖೋಲಿ ಅಳದೆ, ಕಟ್ಟಿ ಅಳೀಲಿಲ್ಲ. ಅದರ ಮ್ಯಾಲ ಕುಂತ ಅಳತಿ ಬರ್ಕೊಂಡಿದ್ದೆ," ಎಂದಳು.

ಎಂಟು ದಿನದಲ್ಲಿ, ಆಲ್ಬಮ್ಮಿನ ಮೊದಲ ಹಾಡಾಗಿ, ನಾಲ್ಕು ನಿಮಿಷದ ಕಟ್ಟೆ ತಯಾರಾಯಿತು. ಒಂದೇ ಗಿಟಾರು, ಯಾವ ಅವಸರವೂ ಇಲ್ಲ. ನಡುವೆ ತಂಬಿಗೆ ಕೆಳಗಿಟ್ಟ ಸದ್ದು. ಬಸಪ್ಪನವರು ಕೇಳಿ, "ಹೆಸರ ಹಾಕು. ಗೌಂಡಿ ಅಂತನ ಹಾಕು," ಎಂದರಂತೆ. ಹಾಗೆಯೇ ಹಾಕಿದ್ದಾಳೆ.

ಈಗ ಆಲ್ಬಮ್ ನನ್ನ ಫೋನಿನಲ್ಲೂ ಇದೆ. ದಿನಾ ಚಹಾದ ಜೊತೆ ಹಚ್ಚುತ್ತೇನೆ. ಆ ನಾಲ್ಕು ನಿಮಿಷ ಮುಗಿದೊಡನೆ ಆರಿಸಿಬಿಡುತ್ತೇನೆ. ಒಳಗಿನ ಕೋಣೆಗಳನ್ನು ಒಮ್ಮೆ ನೋಡಿದ್ದೇನೆ, ಸಾಕು. ಸುಜಾತಾ ಕೇಳಿದರೆ, ದಿನಾ ನಿನ್ನ ಆ ಮನೆಗೆ ಬರುತ್ತೇನೆ ಎನ್ನುತ್ತೇನೆ. ಇದರಲ್ಲಿ ಸುಳ್ಳೇನೂ ಇಲ್ಲ. ಕಟ್ಟೆಯ ಮೇಲೆ ಕುಳಿತು, ನೀರು ಕುಡಿದು, ಅಲ್ಲಿಂದಲೇ ಎದ್ದು ಹೋದವರನ್ನೂ ನಮ್ಮ ಕಡೆ ಮನೆಗೆ ಬಂದಿದ್ದರೆಂದೇ ಹೇಳುತ್ತೇವೆ.