ಕೆಂಪು ನೂಲಿನ ಸೌಟು

ಬೆಟಗೇರಿಯಲ್ಲಿ ನಮ್ಮ ಮಗ್ಗದ ಮನೆಯ ಗೋಡೆಗೆ ಹಚ್ಚಿಕೊಂಡಿದ್ದ ಮನೆಯ ಚಾಚಿಗೆ ಯಾವ ಅಡಿಗೆಯೂ ಪರದೇಶದ್ದಲ್ಲ. ಮೊಬೈಲಿನಲ್ಲಿ ಯಾರೋ ಬಿಳಿಯ ಹೆಂಗಸು ಆಲೂಗಡ್ಡೆ, ಸಾಸೇಜ್ ಹುರಿಯುವುದನ್ನು ನೋಡಿ, "ಪಾಪ, ಬಳ್ಳೊಳ್ಳಿ ಖಾರ ಹಾಕೂದು ಅಕಿಗೆ ಯಾರೂ ಹೇಳಿಕೊಟ್ಟಿಲ್ಲ" ಎಂದು ಮರುಗಿದ್ದಳು.

ದೀಪಾವಳಿ ಹತ್ತಿರದ ಒಂದು ತಣ್ಣನೆಯ ಸಂಜೆ ಅದನ್ನೇ ತನ್ನ ರೀತಿಯಲ್ಲಿ ಮಾಡಿ ನನ್ನನ್ನು ಊಟಕ್ಕೆ ಕರೆದಳು. ನಾವು ಮಾಂಸ ತಿನ್ನುವವರಲ್ಲ. ಹಾಗಾಗಿ ಒಂದು ಬಾಣಲಿಯಲ್ಲಿ ಕೋಳಿ ಸಾಸೇಜ್ ಹಾಕಿದ ಆಲೂಗಡ್ಡೆ, ಇನ್ನೊಂದರಲ್ಲಿ ನನಗೆಂದು ಬರೀ ಆಲೂಗಡ್ಡೆ. ನನ್ನ ಬಾಣಲಿಯ ಸೌಟಿಗೆ ಗುರುತಿಗಾಗಿ ನಮ್ಮ ಮಗ್ಗದ್ದೇ ಕೆಂಪು ನೂಲು ಕಟ್ಟಿದ್ದಳು. ಒಗ್ಗರಣೆಯ ವಾಸನೆಗೆ ನಾನು ಚಡಪಡಿಸಿದರೆ ಅವಳ ಎಂದಿನ ಮಾತು: "ತಡಿಯವ್ವಾ, ಹೊಟ್ಟಿ ಎಲ್ಲಿ ಓಡಿ ಹೋಗತೈತಿ?"

ತಟ್ಟೆಗೆ ರೊಟ್ಟಿ ಬಿತ್ತು. ಪಲ್ಯ ಬಡಿಸಲು ಬಂದ ಚಾಚಿ ಹಾಗೇ ನಿಂತುಬಿಟ್ಟಳು. ನನ್ನ ಬಾಣಲಿಯಲ್ಲಿದ್ದ ಸೌಟಿಗೆ ನೂಲಿರಲಿಲ್ಲ. ನಾನು ನೋಡಿರಲಿಲ್ಲ, ಅವಳು ಸುಮ್ಮನಿದ್ದಿದ್ದರೆ ನನಗೆ ಗೊತ್ತೂ ಆಗುತ್ತಿರಲಿಲ್ಲ.

"ಸೌಟು ಅದಲಿಬದಲಿ ಆತವ್ವಾ. ಇದನ್ನ ಉಣಬ್ಯಾಡ."

"ಇರಲಿ ಬಿಡು ಚಾಚಿ, ರೊಟ್ಟಿ ಚಟ್ನಿ ಉಣ್ತೀನಿ" ಅಂದೆ. ಕೇಳಲಿಲ್ಲ. ಬಾಣಲಿ, ಸೌಟು ಎರಡನ್ನೂ ತಿಕ್ಕಿ ತೊಳೆದು, ಮತ್ತೆ ಆಲೂಗಡ್ಡೆ ಸುಲಿಯಲು ಕುಳಿತಳು. ಈ ಸಲ ತಡಿ ಅನ್ನಲಿಲ್ಲ. "ನಿನಗ ಹಸಿವಾಗೇತಿ, ಜಲ್ದಿ ಮಾಡ್ತೀನಿ" ಎಂದು ತಾನೇ ಅವಸರಪಡುತ್ತಿದ್ದಳು.

ಮುಂದೆ ಲಕ್ಷ್ಮೇಶ್ವರಕ್ಕೆ ಮನೆ ಬದಲಿಸುವಾಗ ಚಾಚಿ ಆ ಕೆಂಪು ನೂಲಿನ ಸೌಟನ್ನು ನನಗೇ ಕೊಟ್ಟು ಹೋದಳು. ನಮ್ಮ ಅಡಿಗೆಮನೆಯಲ್ಲಿ ಅದಕ್ಕೆ ಗುರುತಿನ ಅಗತ್ಯವಿಲ್ಲ. ಆದರೂ ನೂಲು ಸವೆದಾಗಲೆಲ್ಲ ಮಗ್ಗದಿಂದ ಒಂದು ಕೆಂಪು ಎಳೆ ತಂದು ಕಟ್ಟುತ್ತೇನೆ.