ಮೂಗಿನ ಹತ್ತಿ

ಮೊನ್ನೆ ಕಿವಿನೋವು ಅಂತ ಎಣ್ಣೆ ಬಿಟ್ಟುಕೊಂಡು, ಹತ್ತಿ ಹಿಂಜಿ ಉಂಡೆ ಮಾಡುತ್ತಾ ಕೂತಿದ್ದೆ. ಹತ್ತಿಯನ್ನು ಬೆರಳಲ್ಲಿ ಹಿಡಿದವಳಿಗೆ ನಮ್ಮೂರು ಕೈಲಾಂಚದ ಪಕ್ಕದ ಮನೆ ಅಣ್ಣನ ಮೂಗು ನೆನಪಾಯಿತು…

ಅವನದು ಹಿಪ್ಪುನೇರಳೆ ಸೊಪ್ಪು ಕೊಯ್ಯುವ ಕೈ, ಸಿನಿಮಾ ಸೇರುವ ತಲೆ. ರಾಮನಗರದ ಬಂಡೆಗಳ ಹತ್ತಿರ ಶೂಟಿಂಗ್ ನೋಡಲು ಹೋದವನನ್ನು ಯಾರೋ ಕರೆದು ಚಟ್ಟದ ಮೇಲೆ ಮಲಗಿಸಿದರು. ಮೂಗಿಗೆ ಹತ್ತಿ, ಹಣೆಗೆ ಕಾಸು. ಉಸಿರು ಬಿಗಿಹಿಡಿದು ಅಲ್ಲಾಡದೆ ಮಲಗಿದನಂತೆ. ಅದೇ ಮುಳುವಾಯಿತು. ಹೆಣ ಬೇಕಾದಾಗಲೆಲ್ಲ ಫೋನು ಅವನಿಗೇ.

ಚಟ್ಟ ಹತ್ತಿ ಬಂದವನನ್ನು ಅವನವ್ವ ಸುಮ್ಮನೆ ಒಳಗೆ ಬಿಡುತ್ತಿರಲಿಲ್ಲ. ಪ್ರತಿ ಸಲವೂ ಬಾಗಿಲಾಚೆ ನಿಲ್ಲಿಸಿ ತಲೆ ಮೇಲೆ ತಣ್ಣೀರು ಸುರಿಯುತ್ತಿದ್ದಳು. ಊರ ಗಂಡಸರಿಗೆ ಅದೊಂದು ತಮಾಷೆ. ಅವನು ಅರಳಿಕಟ್ಟೆ ಮೇಲೆ ಅಡ್ಡಾದರೆ ಸಾಕು, "ಕಟ್ ಅಂದ್ರು ಕಣ್ಲಾ, ಎದ್ದೇಳ್ಲಾ!" ಅಂತ ಕೂಗೋರು. ಆ ಎಲುಬಿಲ್ಲದ ನಾಲಿಗೆಗಳ ಮೇಲಿನ ಸಿಟ್ಟು ನನಗೆ ಇವತ್ತಿಗೂ ಇಳಿದಿಲ್ಲ. ಅವನು ಮಾತ್ರ ನಗುತ್ತಾ ಏಳುತ್ತಿದ್ದ.

"ಒಂದೇ ಒಂದ್ ಮಾತು ಸಿಗ್ಲಿ ಕಣವ್ವ, ಆಮ್ಯಾಕೆ ನೋಡು," ಅನ್ನುತ್ತಿದ್ದ ನನ್ನ ಹತ್ತಿರ.

ಸಿಕ್ಕಿತು. "ಯಜಮಾನ್ರೇ, ಗಾಡಿ ಬಂದಿದೆ." ಅಷ್ಟೇ. ಸೊಪ್ಪು ಕೊಯ್ಯುವಾಗ, ಡೇರಿಗೆ ಹಾಲು ಹಾಕಿ ಬರುವಾಗ ಅದನ್ನೇ ಜಪಿಸಿದ. ಕ್ಯಾಮೆರಾ ಮುಂದೆ ನಿಂತಾಗ ಬಾಯಿಗೆ ಬಂದದ್ದು "ಬಂದೈತೆ". ಎಷ್ಟು ಸಲ ಹೇಳಿಸಿದರೂ ಬಂದೈತೆ. ಅಲ್ಲಿದ್ದವರೆಲ್ಲ ನಕ್ಕರಂತೆ. ಕೊನೆಗೆ ಅವನ ಮುಖ ಇಟ್ಟುಕೊಂಡು ಇನ್ಯಾರದೋ ದನಿ ಹಾಕಿದರು. ಅದನ್ನು ಅವನಿಗೆ ಯಾರೂ ಹೇಳಲಿಲ್ಲ.

ಸಿನಿಮಾ ಬಂದಾಗ ಅವ್ವನನ್ನೂ ನನ್ನನ್ನೂ ರಾಮನಗರದ ಟಾಕೀಸಿಗೆ ಕರೆದುಕೊಂಡು ಹೋದ. ತೆರೆ ಮೇಲೆ ಅವನ ತುಟಿ ಅಲ್ಲಾಡಿತು, ಯಾವುದೋ ಪಟ್ಟಣದ ಗಂಟಲು ಮಾತಾಡಿತು.

"ಇದು ನಿನ್ ಗಂಟ್ಲಲ್ಲ ಕಣಪ್ಪ, ನಿಂದೆಲ್ಲೋಯ್ತು?" ಅವ್ವ ಕತ್ತಲಲ್ಲೇ ಗಟ್ಟಿಯಾಗಿ ಕೇಳಿದಳು. ಸುತ್ತ ಕೂತವರು ನಕ್ಕರು. ಆವತ್ತು ಅವನು ನಗಲಿಲ್ಲ.

ಆದರೂ ಹುಚ್ಚು ಬಿಡಲಿಲ್ಲ. ಮತ್ತೊಂದು ಹೆಣದ ಪಾತ್ರಕ್ಕೆ ಅಂತ ಬೈಕಿನಲ್ಲಿ ಹೊರಟವನಿಗೆ ಕೆಂಗಲ್ ಹತ್ತಿರ ಲಾರಿ ಗುದ್ದಿತು.

ಮನೆ ಮುಂದೆ ಮಲಗಿಸಿದ್ದರು. ಮೂಗಿಗೆ ಹತ್ತಿ, ಹಣೆಗೆ ಕಾಸು. ಕಟ್ಟೆಯ ಗಂಡಸರು ತಲೆ ತಗ್ಗಿಸಿ ನಿಂತಿದ್ದರು. ಅವ್ವ ಒಳಗಿಂದ ಬಿಂದಿಗೆ ತಂದು ಅವನ ತಲೆಗೆ ತಣ್ಣೀರು ಸುರಿದಳು. ಮೂಗಿನ ಹತ್ತಿ ಕಿತ್ತೆಸೆದಳು.

"ಕಟ್ ಅಂದ್ರು ಕಣಪ್ಪ, ಏಳು…"

ಈಗ ಅವ್ವನೂ ಇಲ್ಲ. ಆ ಸಿನಿಮಾ ಟಿವಿಯಲ್ಲಿ ಆಗಾಗ ಬರುತ್ತದೆ, ಮೊನ್ನೆಯೂ ಬಂತು. ನೋಯದ ಕಿವಿಗೂ ಹತ್ತಿ ತುರುಕಿಕೊಂಡು ಕೂತೆ. ತುಟಿಯನ್ನೇ ನೋಡಿದರೆ ಗೊತ್ತಾಗುತ್ತದೆ, ಅವನು ಅಂದದ್ದು ಬಂದೈತೆ ಅಂತಲೇ. ಅವನ ದನಿ ಹೇಗಿತ್ತು ಅನ್ನುವುದು ಮಾತ್ರ ನನಗೂ ಮರೆತುಹೋಗಿದೆ.