ಪಂಪಿನ ಮಣ್ಣಿಗೆ ಬಂದ ಸಂಸದರು

ಕೀನ್ಯಾದ ಕಿಟುಯಿ ಸೀಮೆಯ ಒಂದೂರಲ್ಲಿ ಸ್ಯೊಕಾವು ಎಂಬ ಗಟ್ಟಿಗಿತ್ತಿ ಸಂತೆಯಲ್ಲಿ ಚಪಾತಿ ಸುಟ್ಟು ಮಾರುತ್ತಿದ್ದಳು. ಊರಿನ ಕೈಪಂಪು ಕೆಟ್ಟ ಮೇಲೆ ಹಿಟ್ಟು ಕಲಸುವ ನೀರಿಗೂ ಒಣಹೊಳೆಯ ಮರಳು ತೋಡುವ ಪಾಡು ಬಂತು. ಸಂಸದ ಮುಟಿಂಡಾ ಅವರ ವಾಟ್ಸಾಪ್ ಗುಂಪಿನಲ್ಲಿ ಅವಳು ದಿನಾ ದೂರು ಹಾಕಿದಳು. ಸಾಹೇಬರು ಓದಿ ಹಾಗೇ ಬಿಟ್ಟರು. ಯಾರಾದರೂ ಸತ್ತ ಸುದ್ದಿ ಬಿದ್ದರೆ ಮಾತ್ರ ಓಡೋಡಿ ಮಣ್ಣಿಗೆ ಬಂದು, ತಮ್ಮ ಭಾಷಣವನ್ನು ಫೇಸ್‌ಬುಕ್ಕಿನಲ್ಲಿ ನೇರವಾಗಿ ತೋರಿಸುತ್ತಿದ್ದರು.

ಸ್ಯೊಕಾವು ಯೋಚಿಸಿ ಬರೆದಳು: “ಊರಿಗೆಲ್ಲಾ ನೀರು ಕೊಟ್ಟ ನಮ್ಮ ಹಿರಿಯಮ್ಮ ಹೋಗ್ಬಿಟ್ಳು. ಶನಿವಾರ ಮಣ್ಣು.”

ಶನಿವಾರ ಸಾಹೇಬರು ಕಪ್ಪು ಕೋಟು ತೊಟ್ಟು ಬಂದರು. ಕಾರಿಳಿಯುವಾಗಲೇ ಫೋನು ಎತ್ತಿ ಹಿಡಿದು, “ಆ ತಾಯಿ ನಂಗೂ ಎಷ್ಟು ಸಲ ನೀರು ಕೊಟ್ಟಿದ್ಳೋ!” ಎಂದು ಕಣ್ಣೊರೆಸಿಕೊಂಡರು. ಹೆಂಗಸರು ಗೋಳೋ ಎಂದು ಅತ್ತರು. ಅವರ ನಡುವೆ ಹೊದಿಸಿಟ್ಟಿದ್ದ ಬಟ್ಟೆಯನ್ನು ಸ್ಯೊಕಾವು ಸರಿಸಿದಳು. ಕೆಳಗೆ ತುಕ್ಕು ಹಿಡಿದ ಪಂಪು!

“ಇದೇನಮ್ಮಾ ಇದು?”

“ಇವಳೇ ಸಾಹೇಬ್ರೇ, ನೀವು ಈಗ ಅತ್ತಿದ್ದು ಇವಳಿಗೇ. ನಿಲ್ಲಿಸ್ಬೇಡಿ, ಊರೆಲ್ಲಾ ಫೋನಲ್ಲಿ ನೋಡ್ತಾ ಇದೆ.”

ಸಾಹೇಬರು ಬೆವರು ಒರೆಸಿಕೊಂಡು, “ಈ ತಾಯೀನ ನಾನೇ ಎಬ್ಬಿಸ್ತೀನಿ!” ಎಂದು ಫೋನಿಗೇ ಆಣೆಯಿಟ್ಟರು. ಮರುವಾರ ಪಂಪಿನಲ್ಲಿ ನೀರು ಬಂತು.

ಈಗ ಆ ಗುಂಪಿನಲ್ಲಿ ಯಾರೂ ದೂರು ಹಾಕುವುದಿಲ್ಲ. “ಶಾಲೆಯ ಚಾವಣಿಗೆ ತುಂಬಾ ಹುಷಾರಿಲ್ಲ” ಎಂದು ಸ್ಯೊಕಾವು ಬರೆದರೆ ಸಾಕು, ಸಾಹೇಬರ ಉತ್ತರ ಥಟ್ಟನೆ ಬರುತ್ತದೆ: “ಅವ್ವಾ, ಮಣ್ಣು ಮಾಡ್ಬೇಡ, ಬಂದೆ!”